ಬ್ರಿಸ್ಕೆಟ್ ಗಟ್ಟಿಯಾಗಿದೆಯಾ? ಮುಚ್ಚಳ ಹಾಕಿ, ಇನ್ನೂ ಬೇಯಲಿ

ಸ್ಲೋ ಕುಕ್ಕರ್‌ನಲ್ಲಿ, ಅಂದರೆ ಸಣ್ಣ ಬಿಸಿಯಲ್ಲಿ ಗಂಟೆಗಟ್ಟಲೆ ಬೇಯಿಸುವ ಕರೆಂಟ್ ಪಾತ್ರೆಯಲ್ಲಿ, ಬೀಫ್ ಬ್ರಿಸ್ಕೆಟ್ ಮಾಡಿ ಸೋತವರನ್ನು ಕೇಳಿ ನೋಡಿ. ಬಹಳಷ್ಟು ಜನ ಒಂದೇ ಮಾತು ಹೇಳುತ್ತಾರೆ: "ಐದಾರು ಗಂಟೆ ಇಟ್ಟಿದ್ದೆ, ಆದ್ರೂ ಚಪ್ಪಲಿ ಥರ ಇತ್ತು. ಜಾಸ್ತಿ ಬೆಂದುಹೋಯ್ತು ಅನ್ಸುತ್ತೆ, ಮುಂದಿನ ಸಲ ಕಮ್ಮಿ ಹೊತ್ತು ಇಡ್ತೀನಿ." ಅಲ್ಲ. ಜಾಸ್ತಿ ಬೆಂದಿಲ್ಲ, ಬೆಂದದ್ದು ಸಾಲದು. ಮುಂದಿನ ಸಲ ಇನ್ನೂ ಕಮ್ಮಿ ಹೊತ್ತು ಇಟ್ಟರೆ ಇನ್ನೂ ಗಟ್ಟಿಯಾಗುತ್ತದೆ ಅಷ್ಟೇ. ಆಮೇಲೆ ಬೈಗುಳ ಪಾಪದ ಕುಕ್ಕರ್‌ಗೆ.

ಇದು ಯಾಕೆ ಹೀಗೆ ಅಂತ ಸ್ವಲ್ಪ ತಿಳಿದುಕೊಂಡರೆ ಗಡಿಯಾರ ನೋಡುವ ಅಭ್ಯಾಸವೇ ಬಿಟ್ಟುಹೋಗುತ್ತದೆ. ಬ್ರಿಸ್ಕೆಟ್ ಅಂದರೆ ದನದ ಎದೆಯ ಭಾಗ, ಎರಡು ಮುಂಗಾಲುಗಳ ಹತ್ತಿರದ್ದು. ದನಕ್ಕೆ ನಮಗಿರುವ ಹಾಗೆ ಕಾಲರ್ ಬೋನ್ ಇಲ್ಲ. ಮೈಯ ಮುಂಭಾಗದ ಭಾರವನ್ನೆಲ್ಲ ಹೆಗಲು ಮತ್ತು ಎದೆಯ ಸ್ನಾಯುಗಳೇ ಹಿಡಿದು ನಿಲ್ಲಿಸಬೇಕು. ನಿಂತರೂ ಅವಕ್ಕೆ ಕೆಲಸ, ನಡೆದರೂ ಕೆಲಸ. ಹೀಗೆ ದುಡಿಯುವ ಸ್ನಾಯುವಿನಲ್ಲಿ ಕೊಲ್ಯಾಜೆನ್ ಜಾಸ್ತಿ ಇರುತ್ತದೆ, ಅಂದರೆ ಎಳೆಗಳನ್ನು ಒಟ್ಟಿಗೆ ಬಿಗಿದಿಡುವ ಆ ಗಟ್ಟಿ ಅಂಟು ಪದಾರ್ಥ.

ಮಾಂಸ ಬಿಸಿಯಾಗುತ್ತಾ 60 ಡಿಗ್ರಿ ಸೆಲ್ಸಿಯಸ್ ದಾಟುವಾಗ ಎಳೆಗಳು ಕುಗ್ಗಿ ನೀರು ಬಿಡುತ್ತವೆ. 70ರ ಹೊತ್ತಿಗೆ ತಿನ್ನಲು ಸುರಕ್ಷಿತ, ಬಣ್ಣವೂ ಬದಲಾಗಿರುತ್ತದೆ, ನೋಡಿದವರು ಬೆಂದಿದೆ ಅನ್ನುತ್ತಾರೆ. ಆದರೆ ಕೊಲ್ಯಾಜೆನ್ ಕರಗಿ ಜೆಲಟಿನ್ (ಜೆಲ್ಲಿಯಂಥ ಮೆತ್ತನೆ ಪದಾರ್ಥ) ಆಗುವ ಕೆಲಸ ಜೋರು ಹಿಡಿಯುವುದೇ ಅಲ್ಲಿಂದ ಮೇಲೆ, ಅದೂ ಗಂಟೆಗಟ್ಟಲೆ ಹಿಡಿಯುತ್ತದೆ. ಈ ನಡುವಿನ ಅವಧಿಯೇ ಕೆಟ್ಟದ್ದು. ನೀರು ಹೋಗಿದೆ, ಜೆಲಟಿನ್ ಇನ್ನೂ ಬಂದಿಲ್ಲ. ಆಗ ತೆಗೆದು ಕತ್ತರಿಸಿದರೆ ಒಣಕಲು, ರಬ್ಬರು, ಎಲ್ಲ ಒಟ್ಟಿಗೆ ಸಿಗುತ್ತದೆ. ಇನ್ನೆರಡು ಮೂರು ಗಂಟೆ ತಡೆದುಕೊಂಡರೆ ಅದೇ ತುಂಡು ಮೆತ್ತಗಾಗುತ್ತದೆ. ಹೋದ ನೀರು ವಾಪಸ್ ಬರುವುದಿಲ್ಲ, ನಿಜ. ಕರಗಿದ ಜೆಲಟಿನ್ ಮತ್ತು ಕೊಬ್ಬು ಎಳೆಗಳ ಮಧ್ಯೆ ಹರಡಿಕೊಂಡು ಬಾಯಿಗೆ ರಸಭರಿತವಾಗಿ ಸಿಗುತ್ತವೆ, ಅಷ್ಟು ಸಾಕು.

ಕಟ್ಟಿಗೆ ಹೊಗೆಯಲ್ಲಿ ಬ್ರಿಸ್ಕೆಟ್ ಮಾಡುವವರಿಗೆ ಇನ್ನೊಂದು ತಲೆನೋವು ಇದೆ. ಮಾಂಸದ ಒಳಗಿನ ಬಿಸಿ 65ರಿಂದ 75 ಡಿಗ್ರಿಯ ಮಧ್ಯೆ ಎಲ್ಲೋ ಬಂದು ಗಂಟೆಗಟ್ಟಲೆ ಅಲ್ಲೇ ಕೂತುಬಿಡುತ್ತದೆ, ಮೇಲ್ಮೈಯ ನೀರು ಆವಿಯಾಗುತ್ತಾ ಮಾಂಸವನ್ನು ತಣ್ಣಗೆ ಮಾಡುತ್ತಿರುತ್ತದೆ. ಮುಚ್ಚಳ ಹಾಕಿದ ಸ್ಲೋ ಕುಕ್ಕರ್‌ನಲ್ಲಿ ಆ ರಗಳೆ ಇಲ್ಲ. ಆವಿ ಹೊರಗೆ ಹೋಗುವುದಿಲ್ಲ, ಮುಚ್ಚಳಕ್ಕೆ ತಾಗಿ ಮತ್ತೆ ಕೆಳಗೇ ತೊಟ್ಟಿಕ್ಕುತ್ತದೆ. ಹೊಗೆಯ ರುಚಿ ಬೇಕು ಅನ್ನುವವರು ಇಲ್ಲಿಗೆ ಬರಬೇಡಿ, ಮೆತ್ತಗಿನ ಮಾಂಸ ಮತ್ತು ಒಳ್ಳೆ ಗ್ರೇವಿ ಬೇಕು ಅನ್ನುವವರು ಬನ್ನಿ.

ಸರಿ, ತುಂಡು ಆರಿಸುವ ವಿಷಯ. ಬ್ರಿಸ್ಕೆಟ್‌ನಲ್ಲಿ ಎರಡು ಸ್ನಾಯು ಒಂದರ ಮೇಲೊಂದು ಇರುತ್ತವೆ, ಮಧ್ಯೆ ಕೊಬ್ಬಿನ ಪದರ. ಚಪ್ಪಟೆಯಾಗಿ, ಕೊಬ್ಬು ಕಮ್ಮಿ ಇರುವುದು ಫ್ಲಾಟ್. ದಪ್ಪಗೆ, ಒಳಗೆಲ್ಲ ಕೊಬ್ಬಿನ ಗೆರೆ ಇರುವುದು ಪಾಯಿಂಟ್. ಅಂಗಡಿಯಲ್ಲಿ ನೋಡಲು ಚೆಂದ ಕಾಣುವುದು ಫ್ಲಾಟ್, ಹಾಗಾಗಿ ಜನ ಅದನ್ನೇ ಎತ್ತಿಕೊಳ್ಳುತ್ತಾರೆ. ಅಚ್ಚುಕಟ್ಟಾದ ಹೋಳುಗಳು ಬೇಕಾದರೆ ಅದು ಸರಿ. ನನ್ನನ್ನು ಕೇಳಿದರೆ ಸ್ಲೋ ಕುಕ್ಕರ್‌ಗೆ ಪಾಯಿಂಟೇ ವಾಸಿ, ಅರ್ಧ ಗಂಟೆ ಆಚೀಚೆ ಆದರೂ ಕ್ಷಮಿಸಿಬಿಡುತ್ತದೆ. ಫ್ಲಾಟ್ ಅಷ್ಟು ಒಳ್ಳೆಯ ಮನಸ್ಸಿನದ್ದಲ್ಲ. ಎರಡು ಕಿಲೋ ತಂದರೆ ಬೆಂದ ಮೇಲೆ ಮೂರನೇ ಒಂದು ಭಾಗ ಅಥವಾ ಅದಕ್ಕಿಂತ ಜಾಸ್ತಿ ಕಡಿಮೆಯಾಗುತ್ತದೆ, ಊಟಕ್ಕೆ ಕೂರುವವರ ಲೆಕ್ಕ ಹಾಕುವಾಗ ಇದು ನೆನಪಿರಲಿ. ಮೇಲಿನ ಕೊಬ್ಬನ್ನು ಪೂರ್ತಿ ಕೆತ್ತಿ ಹಾಕಬೇಡಿ, ಅರ್ಧ ಸೆಂಟಿಮೀಟರ್ ಉಳಿಸಿ. ಕಾರ್ನ್ಡ್ ಬೀಫ್ ಅಂತ ಸಿಗುವುದೂ ಹೆಚ್ಚಾಗಿ ಇದೇ ಭಾಗ, ಆದರೆ ಮೊದಲೇ ಉಪ್ಪುನೀರಿನಲ್ಲಿ ನೆನೆಸಿದ್ದು. ಅದಕ್ಕೆ ಮತ್ತೆ ಉಪ್ಪು ಹಾಕಿದರೆ ಬಾಯಿಗಿಡಲು ಆಗುವುದಿಲ್ಲ.

ಉಪ್ಪು ಹಿಂದಿನ ರಾತ್ರಿಯೇ ಹಚ್ಚಿ. ಕಿಲೋಗೆ 10ರಿಂದ 12 ಗ್ರಾಂ, ಎಲ್ಲಾ ಬದಿಗೂ ತಿಕ್ಕಿ ಫ್ರಿಜ್‌ನಲ್ಲಿ ಮುಚ್ಚದೇ ಇಡಿ. ಬೆಳಿಗ್ಗೆ ನೋಡಿದರೆ ಮೇಲ್ಮೈ ಒಣಗಿ ಬಣ್ಣ ಗಾಢವಾಗಿರುತ್ತದೆ, ಇದರಿಂದ ಬಾಣಲೆಯಲ್ಲಿ ಬೇಗ ಕೆಂಪಗಾಗುತ್ತದೆ. ಕಾಳುಮೆಣಸು, ಬೆಳ್ಳುಳ್ಳಿ ಎಲ್ಲ ಆಮೇಲೆ, ನಿಮ್ಮಿಷ್ಟ.

ಈಗ ಹೇಳುವುದು ಸಣ್ಣ ಕೆಲಸ, ಯಾರೂ ಮಾಡುವುದಿಲ್ಲ, ಆದರೆ ದಯವಿಟ್ಟು ಮಾಡಿ. ಹಸಿ ಮಾಂಸವನ್ನು ಹಲಗೆ ಮೇಲೆ ಇಟ್ಟು ಬೆಳಕಿಗೆ ತಿರುಗಿಸಿ ನೋಡಿ. ಎಳೆಗಳು ಒಂದೇ ದಿಕ್ಕಿಗೆ ಸಾಲಾಗಿ ಓಡಿರುವುದು ಕಾಣುತ್ತದೆ. ಒಂದು ಮೂಲೆಯಲ್ಲಿ ಆ ಎಳೆಗಳಿಗೆ ಅಡ್ಡವಾಗಿ ಒಂದು ಸಣ್ಣ ಚೂರು ಕತ್ತರಿಸಿ ತೆಗೆದುಬಿಡಿ. ಬೆಂದ ಮೇಲೆ ಮೇಲೆಲ್ಲ ಗ್ರೇವಿ ಮೆತ್ತಿಕೊಂಡು ಎಳೆ ಯಾವ ಕಡೆ ಅಂತ ಗೊತ್ತೇ ಆಗುವುದಿಲ್ಲ, ಆಗ ಆ ಮೂಲೆ ನೋಡಿಕೊಂಡು ಅದಕ್ಕೆ ಸಮನಾಗಿ ಕತ್ತರಿಸುತ್ತಾ ಹೋದರೆ ಆಯಿತು. ಫ್ಲಾಟ್ ಮತ್ತು ಪಾಯಿಂಟ್ ಎರಡೂ ಇರುವ ತುಂಡಾದರೆ ಎರಡರ ಎಳೆಯ ದಿಕ್ಕು ಬೇರೆ ಬೇರೆ, ಬೆಂದ ಮೇಲೆ ಅವೆರಡನ್ನೂ ಬಿಡಿಸಿಕೊಂಡೇ ಕತ್ತರಿಸಬೇಕು.

ಬಾಣಲೆಯಲ್ಲಿ ಕೆಂಪಗೆ ಹುರಿಯಬೇಕಾ ಬೇಡವಾ? ಮೆತ್ತಗಾಗುವುದಕ್ಕೂ ಇದಕ್ಕೂ ಸಂಬಂಧ ಇಲ್ಲ. ಹುರಿದರೆ ಮಾಂಸದ ರಸ ಒಳಗೇ ಉಳಿಯುತ್ತದೆ ಅನ್ನುವುದು 19ನೇ ಶತಮಾನದಲ್ಲಿ ಜರ್ಮನಿಯ ರಸಾಯನ ವಿಜ್ಞಾನಿ ಯುಸ್ಟುಸ್ ಫಾನ್ ಲೀಬಿಗ್ ಹಬ್ಬಿಸಿದ ಮಾತು, ಅದು ತಪ್ಪು ಅಂತ ಗೊತ್ತಾಗಿ ಎಷ್ಟೋ ಕಾಲವಾದರೂ ಅಡುಗೆಮನೆಗಳಲ್ಲಿ ಇನ್ನೂ ಓಡಾಡುತ್ತಿದೆ. ರುಚಿಗೆ ಮಾತ್ರ ಹುರಿಯುವುದು ಬೇಕು. ಆ ಕಂದು ಬಣ್ಣ, ಆ ಘಮ ಬರುವುದು ಮಾಯಾರ್ ಕ್ರಿಯೆಯಿಂದ. 1912ರಲ್ಲಿ ಅದನ್ನು ವಿವರಿಸಿದ ಫ್ರಾನ್ಸ್‌ನ ಲೂಯಿ ಕಮೀಯ್ ಮಾಯಾರ್ ಅವರ ಹೆಸರು ಅದಕ್ಕೆ. ಅದು ಚುರುಕಾಗಲು 140 ಡಿಗ್ರಿ ಸುಮಾರಿಗೆ ಬಿಸಿ ಬೇಕು, ಸ್ಲೋ ಕುಕ್ಕರ್ ಒಳಗೆ 100 ದಾಟುವುದಿಲ್ಲ. ಅಂದರೆ ಕುಕ್ಕರ್‌ನಲ್ಲಿ ಹತ್ತು ಗಂಟೆ ಇಟ್ಟರೂ ಅದು ಬರಲ್ಲ. ನಾನು ಒಂದೇ ಬದಿಯನ್ನು ಚೆನ್ನಾಗಿ ಹುರಿಯುತ್ತೇನೆ, ಐದು ನಿಮಿಷ ಅಲ್ಲಾಡಿಸದೆ. ಆಮೇಲೆ ಅದೇ ಬಾಣಲೆಗೆ ನೀರು ಹಾಕಿ ತಳದಲ್ಲಿ ಹಿಡಿದದ್ದನ್ನೆಲ್ಲ ಮರದ ಸೌಟಿನಿಂದ ಕೆರೆದು ಕುಕ್ಕರ್‌ಗೆ ಸುರಿಯುತ್ತೇನೆ. ಗ್ರೇವಿಯ ರುಚಿ ಅರ್ಧ ಅಲ್ಲೇ ಇದೆ. ಬೆಳಿಗ್ಗೆ ಆಫೀಸಿಗೆ ಓಡುವ ಗಡಿಬಿಡಿ ಇದ್ದರೆ ಬಿಟ್ಟುಬಿಡಿ, ಗ್ರೇವಿ ಸ್ವಲ್ಪ ಸಪ್ಪೆ ಆಗುತ್ತದೆ, ಪ್ರಪಂಚ ಮುಳುಗುವುದಿಲ್ಲ.

ಕುಕ್ಕರ್ ತಳಕ್ಕೆ ದಪ್ಪಗೆ ಹೆಚ್ಚಿದ ಎರಡು ಮೂರು ಈರುಳ್ಳಿ, ಬೆಳ್ಳುಳ್ಳಿ, ಒಂದೆರಡು ಚಮಚ ಟೊಮೆಟೊ ಪೇಸ್ಟ್. ಅದರ ಮೇಲೆ ಮಾಂಸ, ಕೊಬ್ಬಿನ ಬದಿ ಮೇಲಕ್ಕೆ. ನೀರೋ ಸ್ಟಾಕೋ ಒಂದು ಕಪ್, ಅಂದರೆ 250 ಮಿಲಿ. ಕಮ್ಮಿ ಅನ್ನಿಸುತ್ತದೆ, ಅಲ್ವಾ? ಕೈ ತಡೆದುಕೊಳ್ಳಿ. ಮಾಂಸ ತಾನೇ ಬೇಕಾದಷ್ಟು ನೀರು ಬಿಡುತ್ತದೆ, ಈರುಳ್ಳಿಯೂ ಬಿಡುತ್ತದೆ, ಆವಿಯಾಗಿ ಹೋಗುವುದು ಏನೂ ಇಲ್ಲ. ಮಾಂಸ ಮುಳುಗುವಷ್ಟು ಹಾಕಿದರೆ ಸಂಜೆಗೆ ನೀರು ನೀರಾದ ಸಾರು ಸಿಗುತ್ತದೆ. ವೈನ್ ಹಾಕುವವರು ಬಾಣಲೆಯಲ್ಲೇ ಕುದಿಸಿ ಅರ್ಧ ಮಾಡಿ ಹಾಕಿ, ಮುಚ್ಚಿದ ಪಾತ್ರೆಯಲ್ಲಿ ಅದರ ಘಾಟು ಹೋಗುವುದು ಕಷ್ಟ. ಕ್ಯಾರೆಟ್, ಆಲೂಗಡ್ಡೆ ಹಾಕುವುದಾದರೆ ಮಾಂಸದ ಕೆಳಗೆ, ಪಾತ್ರೆಯ ಗೋಡೆಗೆ ತಾಗುವ ಹಾಗೆ ಇಡಿ. ತರಕಾರಿಯ ಗಟ್ಟಿತನಕ್ಕೆ ಕಾರಣವಾದ ಪೆಕ್ಟಿನ್ ಸುಮಾರು 85 ಡಿಗ್ರಿ ಆಗುವವರೆಗೆ ಹೆಚ್ಚು ಸಡಿಲವಾಗುವುದಿಲ್ಲ, ಮೇಲೆ ಇಟ್ಟರೆ ಮಾಂಸ ಬೆಂದರೂ ಕ್ಯಾರೆಟ್ ಕಟುಂ ಅನ್ನುತ್ತದೆ.

ಗೋಡೆ ಅಂದೆ, ಯಾಕೆಂದರೆ ಸಾಮಾನ್ಯ ಸ್ಲೋ ಕುಕ್ಕರ್‌ನಲ್ಲಿ ಬಿಸಿ ತಂತಿ ಪಾತ್ರೆಯ ಸುತ್ತಲೂ ಇರುತ್ತದೆ, ಸ್ಟೌ ಹಾಗೆ ಬರೀ ತಳದಲ್ಲಿ ಅಲ್ಲ. ಅಮೆರಿಕದ ಇರ್ವಿಂಗ್ ನ್ಯಾಕ್ಸನ್ ಅನ್ನುವವರು ಈ ಥರದ ಪಾತ್ರೆಗೆ 1940ರಲ್ಲಿ ಪೇಟೆಂಟ್ ಪಡೆದಿದ್ದರು. ಕಾಳು ಬೇಯಿಸುವ ಪಾತ್ರೆ ಅಂತಲೇ ಅದು ಮಾರಾಟವಾಯಿತು. ಅವರ ಕಂಪನಿಯನ್ನು ಕೊಂಡುಕೊಂಡ ರೈವಲ್ ಸಂಸ್ಥೆ 1971ರಲ್ಲಿ ಅದನ್ನೇ ಕ್ರಾಕ್-ಪಾಟ್ ಅಂತ ಹೊರತಂದ ಮೇಲೆ ಮನೆಮನೆಗೆ ಹೋಯಿತು. ಕಾಳಿನ ಮಾತು ಬಂತು ಅಂತ ಹೇಳುತ್ತೇನೆ, ಹಸಿ ರಾಜ್ಮಾವನ್ನು ಸೀದಾ ಇದರಲ್ಲಿ ಹಾಕಬೇಡಿ. ಅದರಲ್ಲಿರುವ ವಿಷದ ಅಂಶ ಹೋಗಲು ಮೊದಲು ಸ್ಟೌ ಮೇಲೆ ಚೆನ್ನಾಗಿ ಕುದಿಸಲೇಬೇಕು.

ಕುಕ್ಕರ್‌ನ ಬಿಸಿ ಗುಂಡಿಯಲ್ಲಿರುವ ಲೋ, ಹೈ ಬಗ್ಗೆ ಒಂದು ಗೊಂದಲ ಇದೆ. ಬಹಳಷ್ಟು ಕುಕ್ಕರ್‌ಗಳಲ್ಲಿ ಎರಡೂ ಕೊನೆಗೆ ಮುಟ್ಟುವುದು ಹೆಚ್ಚುಕಮ್ಮಿ ಒಂದೇ ಬಿಸಿ, ಕುದಿಯುವುದಕ್ಕೆ ಸ್ವಲ್ಪ ಕೆಳಗೆ. ವ್ಯತ್ಯಾಸ ಇರುವುದು ಎಷ್ಟು ಬೇಗ ಮುಟ್ಟುತ್ತದೆ ಅನ್ನುವುದರಲ್ಲಿ. ಒಂದೂವರೆ ಎರಡು ಕಿಲೋ ತುಂಡಿಗೆ ಲೋ ಇಟ್ಟರೆ 8ರಿಂದ 10 ಗಂಟೆ, ಹೈ ಇಟ್ಟರೆ 5ರಿಂದ 6. ನಾನು ಲೋ ಪಕ್ಷ. ಹೈನಲ್ಲಿ ಹೊರಭಾಗ ಬಹಳ ಹೊತ್ತು ಜೋರು ಬಿಸಿಯಲ್ಲಿರುತ್ತದೆ, ಒಳಭಾಗ ಇನ್ನೂ ಹಿಂದೆ ಉಳಿದಿರುತ್ತದೆ. ಫ್ರೀಜರ್‌ನಿಂದ ತೆಗೆದ ಗಡ್ಡೆಯನ್ನು ಹಾಗೇ ಹಾಕುವುದು ಮಾತ್ರ ಬೇಡವೇ ಬೇಡ. 5ರಿಂದ 60 ಡಿಗ್ರಿ ಮಧ್ಯೆ ಬ್ಯಾಕ್ಟೀರಿಯಾ ಬೆಳೆಯುತ್ತದೆ, ಹೆಪ್ಪುಗಟ್ಟಿದ ಮಾಂಸ ಆ ಹಾದಿಯಲ್ಲಿ ಗಂಟೆಗಟ್ಟಲೆ ತೆವಳುತ್ತದೆ. ಹಿಂದಿನ ದಿನವೇ ಫ್ರಿಜ್‌ನಲ್ಲಿಟ್ಟು ಕರಗಿಸಿ.

ಮುಚ್ಚಳ ಮುಟ್ಟಬೇಡಿ. ಒಂದು ಸಲ ಎತ್ತಿದರೆ 20ರಿಂದ 30 ನಿಮಿಷ ಹಿಂದೆ ಹೋದ ಹಾಗೆ. ಮನೆಯಲ್ಲಿ ಯಾರಾದರೂ "ಸುಮ್ನೆ ನೋಡ್ತೀನಿ" ಅಂತ ಬಂದರೆ ಗಾಜಿನ ಮುಚ್ಚಳದ ಮೂಲಕವೇ ನೋಡಲಿ.

8 ಗಂಟೆಯ ಹೊತ್ತಿಗೆ ಒಂದು ಫೋರ್ಕ್ ತೆಗೆದುಕೊಳ್ಳಿ. ಅತಿ ದಪ್ಪ ಇರುವ ಜಾಗಕ್ಕೆ ಚುಚ್ಚಿ, ಮೆಲ್ಲಗೆ ಮೇಲಕ್ಕೆಳೆಯಿರಿ. ಫೋರ್ಕ್ ಒಳಗೆ ಹೋಗಿ ಹೊರಗೆ ಬರುವಾಗ ತುಂಡನ್ನೇ ಎತ್ತಿಕೊಂಡು ಬಂದರೆ ಆಗಿಲ್ಲ, ಮುಚ್ಚಳ ಹಾಕಿ ಇನ್ನೊಂದು ಗಂಟೆ ಆ ಕಡೆ ಹೋಗಿ. ಹೆಚ್ಚು ಒತ್ತದೆ ಒಳಗಿಳಿದು, ತಿರುಗಿಸಿದರೆ ಎಳೆಗಳು ಸದ್ದಿಲ್ಲದೆ ಬೇರೆಯಾಗಿ, ಸಲೀಸಾಗಿ ಈಚೆ ಬಂದರೆ ಆಗಿದೆ. ಮೇಲಿನ ಕೊಬ್ಬು ಆಗ ಬಿಳಿ ಹೋಗಿ ಗಾಜಿನಂತೆ ಪಾರದರ್ಶಕವಾಗಿರುತ್ತದೆ, ಪಾತ್ರೆ ಅಲ್ಲಾಡಿದರೆ ತಾನೂ ನಡುಗುತ್ತದೆ. ಥರ್ಮಾಮೀಟರ್ ಇದ್ದರೆ 90ರಿಂದ 95 ಡಿಗ್ರಿ ತೋರಿಸುತ್ತದೆ, ಆದರೂ ಫೋರ್ಕ್ ಹೇಳಿದ್ದೇ ಕೊನೆಯ ಮಾತು. ಇದನ್ನೂ ದಾಟಿದರೆ ಇಕ್ಕಳದಲ್ಲಿ ಎತ್ತುವಾಗಲೇ ಬಿದ್ದುಹೋಗುತ್ತದೆ. ಪಾಯಿಂಟ್ ಆದರೆ ಬಿಡಿಸಿ ಗ್ರೇವಿಗೆ ಕಲಸಿಕೊಳ್ಳಿ, ಅದೂ ರುಚಿಯೇ. ಫ್ಲಾಟ್ ಆದರೆ ಎಳೆ ಎಳೆಯಾಗಿ ಒಣಗಿರುತ್ತದೆ, ಜಾಸ್ತಿ ಬೆಂದದ್ದು ಅಂದರೆ ಅದು.

ಆಫ್ ಮಾಡಿ 20 ನಿಮಿಷ ಅದರ ರಸದಲ್ಲೇ ಬಿಟ್ಟು, ಎಳೆಗೆ ಅಡ್ಡವಾಗಿ 6ರಿಂದ 8 ಮಿಲಿಮೀಟರ್ ದಪ್ಪಕ್ಕೆ ಕತ್ತರಿಸಿ. ಎಳೆಯ ಉದ್ದಕ್ಕೆ ಕತ್ತರಿಸಿದರೆ ಇಷ್ಟು ಹೊತ್ತು ಕಾದದ್ದು ವ್ಯರ್ಥ, ಉದ್ದುದ್ದ ದಾರ ಹಲ್ಲಿಗೆ ಸಿಕ್ಕಿಕೊಳ್ಳುತ್ತದೆ.

ಆದರೆ ನಿಜವಾಗಿ ಚೆನ್ನಾಗಿರುವುದು ಮರುದಿನ. ಬೆಂದ ಮಾಂಸವನ್ನು ರಸದ ಸಮೇತ ಅಗಲದ ಪಾತ್ರೆಗೆ ತೆಗೆದು, ಎರಡು ಗಂಟೆಯೊಳಗೆ ಫ್ರಿಜ್‌ಗೆ ಹಾಕಿ. ಕುಕ್ಕರ್‌ನ ದಪ್ಪ ಪಾತ್ರೆಯನ್ನೇ ಇಡಬೇಡಿ, ಅದು ಬಿಸಿಯನ್ನು ಬಿಡುವುದೇ ಇಲ್ಲ. ಬೆಳಿಗ್ಗೆ ಮೇಲೆ ಬಿಳಿ ಕೊಬ್ಬು ತಟ್ಟೆ ಕಟ್ಟಿರುತ್ತದೆ, ಚಾಕುವಿನ ತುದಿಯಲ್ಲಿ ಎಬ್ಬಿಸಿದರೆ ಪೂರ್ತಿ ಒಂದೇ ಹಾಳೆ ಬರುತ್ತದೆ. ಅದರ ಕೆಳಗೆ ರಸ ಗಟ್ಟಿಯಾಗಿ ಅಲುಗಾಡುತ್ತಿರುತ್ತದೆ, ಎಲ್ಲಾ ಕೊಲ್ಯಾಜೆನ್ ಕರಗಿ ಬಂದ ಜೆಲಟಿನ್ ಅದು. ತಣ್ಣಗಿನ ಮಾಂಸ ಪುಡಿಯಾಗದೆ ಚೊಕ್ಕವಾಗಿ ಹೋಳಾಗುತ್ತದೆ. ಹೋಳುಗಳನ್ನು ಅಗಲ ಬಾಣಲೆಯಲ್ಲಿ ಗ್ರೇವಿಯ ಜೊತೆ ಮುಚ್ಚಿ ಸಣ್ಣ ಉರಿಯಲ್ಲಿ ಒಳಗಿನವರೆಗೂ ಹಬೆಯಾಡುವಷ್ಟು ಬಿಸಿ ಮಾಡಿ. ಮತ್ತೆ ಬಿಸಿ ಮಾಡಲು ಸ್ಲೋ ಕುಕ್ಕರ್ ಬಳಸಬೇಡಿ, ಅದು ಬಹಳ ನಿಧಾನ. ಫ್ರಿಜ್‌ನಲ್ಲಿ ಮೂರು ನಾಲ್ಕು ದಿನ ಇರುತ್ತದೆ.

ಗ್ರೇವಿ ತೆಳ್ಳಗಿದ್ದರೆ ಕಾರ್ನ್‌ಫ್ಲೋರ್‌ಗೆ ಓಡುವ ಮೊದಲು ಅಗಲ ಬಾಣಲೆಯಲ್ಲಿ ಅರ್ಧ ಆಗುವವರೆಗೆ ಕುದಿಸಿ ನೋಡಿ, ಈರುಳ್ಳಿಯನ್ನು ಅದರಲ್ಲೇ ಹಿಸುಕಿಬಿಟ್ಟರೆ ತಾನೇ ಗಟ್ಟಿಯಾಗುತ್ತದೆ. ಒಂದು ಚಮಚ ವಿನೆಗರ್ ಬಿದ್ದರೆ ಕೊಬ್ಬಿನ ಭಾರ ಕಮ್ಮಿ ಅನ್ನಿಸುತ್ತದೆ. ಉಪ್ಪು ಸಾಲದು ಅನ್ನಿಸಿದರೆ ಕುದಿದು ಅರ್ಧ ಆದ ಮೇಲೆ ರುಚಿ ನೋಡಿ ಹಾಕಿ, ಮೊದಲೇ ಅಲ್ಲ.