ಟ್ರಾನ್ಸ್‌ಜೆಂಡರ್ ಜನರು ಎಲ್‌ಜಿಬಿಟಿಕ್ಯೂ ಸಾಲಿನಲ್ಲಿ ಏಕಿದ್ದಾರೆ?

“ಗೇ, ಲೆಸ್ಬಿಯನ್ ಎಂಬುದು ಯಾರ ಮೇಲೆ ಪ್ರೀತಿ ಎಂಬ ವಿಚಾರ, ಟ್ರಾನ್ಸ್‌ಜೆಂಡರ್ ಎಂಬುದು ತಾನು ಗಂಡೋ ಹೆಣ್ಣೋ ಎಂಬ ವಿಚಾರ. ಇವರನ್ನೆಲ್ಲ ಒಂದೇ ಸಾಲಿನಲ್ಲಿ ಕೂರಿಸಿದ್ದೇಕೆ?” ಎಂಬ ಪ್ರಶ್ನೆ ನನಗೆ ಪದೇ ಪದೇ ಎದುರಾಗುತ್ತದೆ. ಪ್ರಶ್ನೆ ತಪ್ಪಲ್ಲ. ಕನ್ನಡದಲ್ಲಿಯೂ ‘ಲೈಂಗಿಕ ಅಲ್ಪಸಂಖ್ಯಾತರು’, ‘ಲಿಂಗತ್ವ ಅಲ್ಪಸಂಖ್ಯಾತರು’ ಎಂಬ ಎರಡು ಪದಗಳಿವೆ (ಅವು ಆಗಾಗ ಅದಲುಬದಲಾಗುವುದು ಬೇರೆ ಮಾತು). ಆದರೆ ಈ ವ್ಯತ್ಯಾಸವನ್ನು ಕಾನೂನು ಬಹುಕಾಲ ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ.

ಬ್ರಿಟಿಷರ 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆಯು, ಮಕ್ಕಳನ್ನು ಅಪಹರಿಸುವ ಅಥವಾ ದಂಡಸಂಹಿತೆಯ 377ನೇ ಸೆಕ್ಷನ್ನಿನ ‘ಅಸ್ವಾಭಾವಿಕ’ ಅಪರಾಧ (ಸಲಿಂಗ ಸಂಭೋಗವೂ ಇದರಲ್ಲಿ ಸೇರಿತ್ತು) ಎಸಗುವ ಶಂಕೆಯಿರುವ ಹಿಜ್ರಾಗಳ ಹೆಸರು, ವಾಸಸ್ಥಳಗಳನ್ನು ರಿಜಿಸ್ಟರಿನಲ್ಲಿ ಬರೆದಿಡಬೇಕೆಂದು ವಿಧಿಸಿತ್ತು. ಹಾಗೆ ನೋಂದಾಯಿತರಾದವರು ಹೆಣ್ಣುಡುಗೆ ತೊಟ್ಟು ಬೀದಿಯಲ್ಲಿ ಕಾಣಿಸಿಕೊಂಡರೆ ಅದೇ ಅಪರಾಧವಾಗುತ್ತಿತ್ತು. ಸ್ವತಂತ್ರ ಭಾರತ ಆ ಕಾಯ್ದೆಯನ್ನು ಕೈಬಿಟ್ಟಿತು. ಆದರೂ ಅದೇ ರಿಜಿಸ್ಟರು, ಹೆಚ್ಚುಕಡಿಮೆ ಅದೇ ಮಾತುಗಳಲ್ಲಿ, 2011ರಲ್ಲಿ ಕರ್ನಾಟಕ ಪೊಲೀಸ್ ಕಾಯ್ದೆಯ 36ಎ ಸೆಕ್ಷನ್ನಾಗಿ ಮರಳಿ ಬಂತು. ಹೋರಾಟಗಾರರು ಹೈಕೋರ್ಟಿನ ಮೆಟ್ಟಿಲೇರಿದ ಬಳಿಕವೇ ಅದರಲ್ಲಿದ್ದ ಸಮುದಾಯಸೂಚಕ ಪದ ಹೋಯಿತು. ಸೀರೆ ಕಂಡರೆ ಸಾಕು, ಹಾಸಿಗೆಯ ಮೇಲೆ ಅನುಮಾನ. ಪ್ಯಾಂಟು, ಶರಟು ತೊಟ್ಟ ಸಲಿಂಗಿ ಗಂಡಸು ಜನರ ನಡುವೆ ಮರೆಯಾಗಬಹುದಿತ್ತು. ಸಿಗ್ನಲ್ಲಿನಲ್ಲಿ ಚಪ್ಪಾಳೆ ತಟ್ಟುತ್ತ ನಿಂತವರಿಗೆ ಆ ಮರೆ ಎಲ್ಲಿಯದು? 377ರ ವಿರುದ್ಧ ಸುಪ್ರೀಂ ಕೋರ್ಟಿಗೆ ಹೋದ ಅರ್ಜಿದಾರರಲ್ಲಿ ಬೆಂಗಳೂರಿನ ಟ್ರಾನ್ಸ್ ಹೋರಾಟಗಾರ್ತಿ ಅಕ್ಕೈ ಪದ್ಮಶಾಲಿ ಇದ್ದುದು ಆದ್ದರಿಂದ ಆಕಸ್ಮಿಕವಲ್ಲ.

2013ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು 377 ಅನ್ನು ಎತ್ತಿಹಿಡಿಯಿತು. ನಾಲ್ಕೇ ತಿಂಗಳಲ್ಲಿ, 2014ರ ಏಪ್ರಿಲ್ 15ರಂದು, ರಾಷ್ಟ್ರೀಯ ಕಾನೂನು ಸೇವೆಗಳ ಪ್ರಾಧಿಕಾರ (ನಾಲ್ಸಾ) ಹೂಡಿದ್ದ ಮೊಕದ್ದಮೆಯ ತೀರ್ಪಿನಲ್ಲಿ ಟ್ರಾನ್ಸ್‌ಜೆಂಡರ್ ಜನರ ಗುರುತನ್ನು ಮಾನ್ಯಮಾಡಿತು. ಹೀಗಾಗಿ, ವಯಸ್ಕರ ಒಪ್ಪಿಗೆಯ ಸಂಬಂಧವನ್ನು ಅದೇ ಕೋರ್ಟು 377ರಿಂದ ಹೊರಗಿಟ್ಟ 2018ರ ಸೆಪ್ಟೆಂಬರಿನವರೆಗೆ, ಟ್ರಾನ್ಸ್ ಮಹಿಳೆಯೊಬ್ಬಳು ಗುರುತಿನ ಮಟ್ಟಿಗೆ ಹಕ್ಕುಳ್ಳ ಪ್ರಜೆಯಾಗಿದ್ದೂ ತಾನು ಒಲಿದವನ ಜೊತೆ ಮಲಗಿದರೆ ಅಪರಾಧಿಯೆನಿಸುವ ಅಪಾಯದಲ್ಲಿ ಬದುಕಿದಳು.

ಹಾಗೆಂದು ಎಲ್ಲರೂ ಒಂದೇ ಮನೆಯ ಮಕ್ಕಳೆಂದು ನಾನು ಹೇಳಲಾರೆ. ಎಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡು ಕೊಡ ಹೊರುವ ಜೋಗಪ್ಪಂದಿರಿಗೆ ಈ ಇಂಗ್ಲಿಷ್ ಅಕ್ಷರಗಳ ಹಂಗಿಲ್ಲ. ಆ ಪರಂಪರೆಯ ಕಲಾವಿದೆ ಮಂಜಮ್ಮ ಜೋಗತಿ 2021ರಲ್ಲಿ ಪದ್ಮಶ್ರೀ ಪಡೆಯುವಾಗ ಸೆರಗಿನಿಂದ ರಾಷ್ಟ್ರಪತಿಗಳ ದೃಷ್ಟಿ ತೆಗೆದದ್ದನ್ನು ದೇಶವೇ ನೋಡಿತು; ಅದು ಎಲ್‌ಜಿಬಿಟಿಕ್ಯೂ ಚಳವಳಿಯ ಕಾಮನಬಿಲ್ಲಿನ ಬಾವುಟದ ಕೆಳಗೆ ಕಲಿತ ವಿದ್ಯೆಯಲ್ಲ.

ಆದರೂ ಬೇರ್ಪಡಿಸಲು ಹೊರಟರೆ ಗೆರೆ ಒಬ್ಬರದೇ ಬದುಕನ್ನು ಸೀಳುತ್ತದೆ. 2023ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ಸಲಿಂಗ ವಿವಾಹಕ್ಕೆ ಮಾನ್ಯತೆ ನಿರಾಕರಿಸಿ, ಗಂಡು–ಹೆಣ್ಣಿನ ಸಂಬಂಧದಲ್ಲಿರುವ ಟ್ರಾನ್ಸ್ ವ್ಯಕ್ತಿಗಳು ಈಗಿನ ಕಾನೂನಿನಡಿಯೇ ಮದುವೆಯಾಗಬಹುದೆಂದಿತು. ಗಂಡಸನ್ನು ಒಲಿದ ಟ್ರಾನ್ಸ್ ಮಹಿಳೆಗೆ ರಿಜಿಸ್ಟ್ರಾರ್ ಸಹಿ ಹಾಕಬಹುದು. ಕಾಗದದಲ್ಲೂ ಹೆಣ್ಣೇ ಆಗಿರುವ ಅವಳ ಗೆಳತಿ, ಅವಳೂ ಟ್ರಾನ್ಸ್ ಮಹಿಳೆಯೇ, ಇನ್ನೊಬ್ಬ ಹೆಣ್ಣಿನ ಕೈ ಹಿಡಿದು ಬಂದರೆ ಹಾಕುವಂತಿಲ್ಲ.