ಮಕೆರೆರೆ ಗುಡ್ಡದ ಮೇಲೆ ಎರಡು ವರ್ಷ

ಕಾಲೇಜಿನ ಸುವರ್ಣ ಮಹೋತ್ಸವ ಸಂಚಿಕೆಗೆ ಏನಾದ್ರೂ ಬರೆದ್ಕೊಡಮ್ಮಾ ಅಂತ ಮೇಡಂ ಫೋನ್ ಮಾಡಿದಾಗ ಕ್ಯಾಂಟೀನು, ಎನ್ಎಸ್ಎಸ್ ಕ್ಯಾಂಪು, ಸೋಷಿಯಾಲಜಿ ಕ್ಲಾಸು ಎಲ್ಲಾ ನೆನಪಿಗೆ ಬಂತು, ಆದ್ರೆ ಎಲ್ಲಕ್ಕಿಂತ ಮೊದ್ಲು ಬಂದಿದ್ದು ನಮ್ಮ ಬಿ.ಎ. ಕ್ಲಾಸಿನ ಕೊನೇ ಬೆಂಚಲ್ಲಿ ಕೂರ್ತಿದ್ದ ಉಗಾಂಡದ ಹುಡುಗ. ಮೂರು ವರ್ಷ ಒಂದೇ ರೂಮಲ್ಲಿ ಪಾಠ ಕೇಳಿದೀವಿ, ನಾನು ಅವನನ್ನ ಮಾತಾಡ್ಸಿದ್ದು ಒಂದೇ ಒಂದು ಸಲ, ಅದೂ ಫೀಸ್ ಕೌಂಟರ್ ತೆಗೆದಿದ್ಯಾ ಅಂತ ಕೇಳೋಕೆ. ನಿನ್ನ ಊರು ಯಾವ್ದು, ಅಲ್ಲಿ ಯೂನಿವರ್ಸಿಟಿ ಇಲ್ವಾ, ಇಷ್ಟು ದೂರ ಮೈಸೂರಿಗೆ ಯಾಕೆ ಬಂದೆ ಅಂತ ನಮ್ಮಲ್ಲಿ ಒಬ್ರೂ ಕೇಳ್ಲಿಲ್ಲ. ಅದಾಗಿ ಒಂದು ವರ್ಷಕ್ಕೆ ಅವನ ದೇಶದಲ್ಲಿ, ಕ್ಲಾಸಿಗೆಲ್ಲಾ ಒಬ್ಬಳೇ ಇಂಡಿಯನ್ ಆಗಿ ನಾನು ಕೂತಿದ್ದೆ. ನನಗೆ ಅಲ್ಲಿ ಮೊದಲನೇ ದಿನವೇ ಮೂರು ಜನ ಬಂದು ಪಕ್ಕದಲ್ಲಿ ಕೂತು ಊರು, ಅಪ್ಪ ಅಮ್ಮ, ಊಟ ಎಲ್ಲಾ ವಿಚಾರಿಸಿದ್ರು. ಅದಕ್ಕೇ ಈ ಬರಹ ನಮ್ಮ ಕಾಲೇಜಿಗಿಂತ ಜಾಸ್ತಿ ಆ ಕ್ಯಾಂಪಸ್ ಬಗ್ಗೆ ಇದೆ, ಮೇಡಂ ಒಪ್ಕೋತಾರೆ ಅನ್ಕೊಂಡಿದೀನಿ.

ಅಪ್ಪ ಆಗ ಉಗಾಂಡದ ರಾಜಧಾನಿ ಕಂಪಾಲದಲ್ಲಿ ಒಂದು ಕಂಪನಿಗೆ ಅಕೌಂಟೆಂಟ್ ಆಗಿದ್ರು. ನಾನು 2007ರ ಆಗಸ್ಟ್‌ನಲ್ಲಿ ಮಕೆರೆರೆ ಯೂನಿವರ್ಸಿಟಿಗೆ ಎಂ.ಎ.ಗೆ ಸೇರ್ಕೊಂಡೆ. ಅದೇ ವರ್ಷ ಏಪ್ರಿಲ್‌ನಲ್ಲಿ ಮಬೀರಾ ಕಾಡನ್ನ ಸಕ್ಕರೆ ಫ್ಯಾಕ್ಟರಿಗೆ ಕೊಡೋ ವಿಷಯಕ್ಕೆ ದೊಡ್ಡ ಗಲಾಟೆ ಆಗಿ ಊರಲ್ಲಿ ಭಾರತೀಯರ ಮೇಲೆ ಹಲ್ಲೆ ಆಗಿತ್ತು, ಒಬ್ಬರು ಜೀವಾನೇ ಕಳ್ಕೊಂಡಿದ್ರು, ಅಮ್ಮ ಮೈಸೂರಿಂದ ದಿನಾ ಫೋನ್ ಮಾಡಿ ವಾಪಸ್ ಬಂದ್ಬಿಡು ಅಂತಿದ್ರು. ಕ್ಯಾಂಪಸ್ ಗುಡ್ಡದ ಮೇಲಿದೆ. ಗಡಿಯಾರದ ಗೋಪುರ ಇರೋ ಬಿಳೀ ಮೇನ್ ಬಿಲ್ಡಿಂಗು, ಹೆಣ್ಮಕ್ಕಳ ಮೇರಿ ಸ್ಟುವರ್ಟ್ ಹಾಲು, ಮರದ ತುದೀಲೆಲ್ಲಾ ಮನುಷ್ಯನ ಎದೆಮಟ್ಟ ಎತ್ತರದ ಮರಬು ಕೊಕ್ಕರೆಗಳು, ಬೋಳು ತಲೆ, ಕತ್ತಿನಲ್ಲಿ ಚೀಲ ಜೋತುಬಿದ್ದಿರುತ್ತೆ, ಕೆಳಗೆ ಓಡಾಡೋವಾಗ ತಲೆ ಮೇಲೆ ಏನು ಬೀಳುತ್ತೋ ಅಂತ ನೋಡ್ಕೊಂಡೇ ಹೋಗ್ಬೇಕು.

1922ರಲ್ಲಿ ಬಡಗಿ ಕೆಲಸ, ಕಟ್ಟಡ ಕೆಲಸ, ಮೆಕ್ಯಾನಿಕ್ ಕೆಲಸ ಕಲಿಸೋಕೆ 14 ಹುಡುಗರನ್ನ ಇಟ್ಕೊಂಡು ಶುರುವಾದ ಸ್ಕೂಲು ಅದು. 1949ಕ್ಕೆ ಲಂಡನ್ ಯೂನಿವರ್ಸಿಟಿ ಜೊತೆ ಸೇರಿಸಿದ್ರು, 1963ರಲ್ಲಿ ನೈರೋಬಿ, ದಾರ್ ಎಸ್ ಸಲಾಮ್ ಸೇರಿ ಮೂರೂ ಒಂದೇ ಪೂರ್ವ ಆಫ್ರಿಕಾ ಯೂನಿವರ್ಸಿಟಿ ಆಯ್ತು, 1970ಕ್ಕೆ ಬೇರೆ ಬೇರೆ ಆದ್ವು. ಟಾಂಜಾನಿಯಾದ ಮೊದಲ ರಾಷ್ಟ್ರಪತಿ ಜೂಲಿಯಸ್ ನೈರೇರೆ ಓದಿದ್ದು ಅಲ್ಲಿ. 1962ರಲ್ಲಿ ಚಿನುವಾ ಅಚಿಬೆ, ವೋಲೆ ಶೋಯಿಂಕಾ ಎಲ್ಲಾ ಬಂದು ಸೇರಿದ ಆಫ್ರಿಕನ್ ಬರಹಗಾರರ ಸಮ್ಮೇಳನ ಆಗಿದ್ದೂ ಅಲ್ಲೇ, ಆಗ ಕೀನ್ಯಾದ ಬರಹಗಾರ ಗೂಗಿ ವಾ ಥಿಯಾಂಗೋ ಅಲ್ಲಿ ಸ್ಟೂಡೆಂಟು. ಆ ಸಮ್ಮೇಳನದ ಹೆಸರಲ್ಲೇ ಇಂಗ್ಲಿಷಿನಲ್ಲಿ ಬರೆಯೋ ಆಫ್ರಿಕನ್ನರು ಅಂತಿತ್ತು, ಅಂದ್ರೆ ತಮ್ಮ ಭಾಷೇಲಿ ಬರೆಯೋರಿಗೆ ಜಾಗ ಇರ್ಲಿಲ್ಲ. ಮುಂದೆ ಗೂಗಿ ಇದನ್ನೇ ಪ್ರಶ್ನೆ ಮಾಡಿ ಇಂಗ್ಲಿಷ್ ಬಿಟ್ಟು ತಮ್ಮ ಗಿಕುಯು ಭಾಷೇಲಿ ಬರೆಯೋಕೆ ಹೋದ್ರು. ಕನ್ನಡ ಮೀಡಿಯಂನಲ್ಲಿ ಓದಿ ಬಂದ ನನಗೆ ಇದನ್ನ ಯಾರೂ ಬಿಡಿಸಿ ಹೇಳ್ಬೇಕಾಗಿರ್ಲಿಲ್ಲ.

1972ರಲ್ಲಿ ಉಗಾಂಡದ ಸರ್ವಾಧಿಕಾರಿ ಇದಿ ಅಮೀನ್ ಏಷ್ಯನ್ನರನ್ನ (ಹೆಚ್ಚಿನೋರು ಇಂಡಿಯಾ ಮೂಲದೋರು) ದೇಶ ಬಿಡಿಸಿದ, ಅದೇ ವರ್ಷ ಮಕೆರೆರೆಯ ವೈಸ್ ಚಾನ್ಸಲರ್ ಫ್ರಾಂಕ್ ಕಲಿಮುಜೋ ಅವರನ್ನ ಸೈನಿಕರು ಎತ್ಕೊಂಡು ಹೋದ್ರು, ಅವರು ವಾಪಸ್ ಬರ್ಲೇ ಇಲ್ಲ. ಪಾಠ ಮಾಡೋರೆಲ್ಲಾ ಒಬ್ಬೊಬ್ಬರಾಗಿ ದೇಶ ಬಿಟ್ರು. ಎಂಬತ್ತರ ದಶಕದಲ್ಲಿ ವಿಶ್ವಬ್ಯಾಂಕ್‌ನೋರು ಬಡ ದೇಶಗಳಿಗೆ ಯೂನಿವರ್ಸಿಟಿಗೆ ಹಾಕೋ ದುಡ್ಡಿಗಿಂತ ಪ್ರೈಮರಿ ಸ್ಕೂಲಿಗೆ ಹಾಕಿದ್ರೇ ಜಾಸ್ತಿ ಲಾಭ ಅಂತ ಲೆಕ್ಕ ತೋರಿಸಿದ್ರು, ಸಾಲ ಬೇಕಾದ ಸರ್ಕಾರಗಳು ಆ ಲೆಕ್ಕಾನೇ ಪಾಲಿಸಿದ್ವು. ಹುಡುಗರಿಗೆ ಸರ್ಕಾರ ಕೈಗೆ ಕೊಡ್ತಿದ್ದ ಖರ್ಚಿನ ದುಡ್ಡಿಗೆ ಅಲ್ಲಿ ಬೂಮ್ ಅಂತಿದ್ರು, ಅದೂ ನಿಂತೋಯ್ತು. 1992ರಿಂದ ಫೀಸ್ ಕಟ್ಟೋರನ್ನ ಬೇರೆಯಾಗಿ ತಗೊಳ್ಳೋಕೆ ಶುರು ಮಾಡಿದ್ರು, ಸಾಯಂಕಾಲದ ಕ್ಲಾಸುಗಳು ಬಂದ್ವು, 1990ರ ಸುಮಾರಿಗೆ 10 ಸಾವಿರದ ಒಳಗಿದ್ದ ಸ್ಟೂಡೆಂಟ್ಸ್ ಸಂಖ್ಯೆ ನಾನು ಹೋಗೋ ಹೊತ್ತಿಗೆ 30 ಸಾವಿರ ದಾಟಿತ್ತು. ಬೇರೆ ದೇಶದೋರು ಇದನ್ನ ಆಫ್ರಿಕಾಗೇ ಮಾದರಿ ಅಂತ ಹೊಗಳಿದ್ರು. ಆದ್ರೆ ಮಹಮೂದ್ ಮಮ್ದಾನಿ (ಈಗಿನ ನ್ಯೂಯಾರ್ಕ್ ಮೇಯರ್ ಜೋಹ್ರಾನ್ ಅವರ ಅಪ್ಪ, ಕಂಪಾಲದಲ್ಲೇ ಬೆಳೆದೋರು, 1972ರಲ್ಲಿ ಅವರನ್ನೂ ದೇಶ ಬಿಡಿಸಿದ್ರು) 2007ರಲ್ಲಿ ಒಂದು ಪುಸ್ತಕಾನೇ ಬರೆದು, ಫೀಸ್ ಆಸೆಗೆ ಡಿಪಾರ್ಟ್‌ಮೆಂಟ್‌ಗಳು ಒಂದರ ಮೇಲೊಂದು ಬಿದ್ದು ಮಾರ್ಕೆಟ್‌ನಲ್ಲಿ ಓಡೋ ಕೋರ್ಸ್ ತೆರೀತಾ ಹೋದ್ರೆ ಸಂಶೋಧನೆಗೆ ಉಳಿಯೋದೇನು ಅಂತ ಕೇಳಿದ್ರು. ಇದರಲ್ಲಿ ನನ್ನ ಮನಸ್ಸು ಎರಡೂ ಕಡೆ ಎಳೆಯುತ್ತೆ, ಯಾಕಂದ್ರೆ ನನ್ನ ಜೊತೆ ಓದಿದ ಅರ್ಧ ಜನ ಆ ಸಾಯಂಕಾಲದ ಕ್ಲಾಸು ಇಲ್ದಿದ್ರೆ ಡಿಗ್ರಿ ಮುಖಾನೇ ನೋಡ್ತಿರ್ಲಿಲ್ಲ, ಬ್ಯಾಂಕಲ್ಲಿ ಕೆಲಸ ಮುಗಿಸಿ ಬೋಡಾ ಬೋಡಾ ಅನ್ನೋ ಬಾಡಿಗೆ ಬೈಕ್ ಹತ್ಕೊಂಡು ಬರ್ತಿದ್ರು.

ನನ್ನ ಗೈಡ್ ಬಗ್ಗೆ ಹೇಳ್ಲೇಬೇಕು. ಹೆಸರು ಬರೆಯಲ್ಲ, ಅವರಿಗೆ ಇಷ್ಟ ಆಗಲ್ಲ. ನಾನು ಮೊದ್ಲು ತಗೊಂಡು ಹೋದ ಪ್ರಪೋಸಲ್ ಮೈಕ್ರೋಫೈನಾನ್ಸ್ ಮತ್ತು ಮಹಿಳಾ ಸಬಲೀಕರಣ ಅಂತ, ಆಗ ಯಾರನ್ನ ಕೇಳಿದ್ರೂ ಅದೇ ವಿಷಯ, ಯಾಕಂದ್ರೆ ಫಂಡು ಬರ್ತಿದ್ದಿದ್ದು ಅದಕ್ಕೆ. ಕ್ಯಾಂಪಸ್ ಕೆಳಗಡೆ ವಾಂಡೆಗೆಯಾದಲ್ಲಿ ರೋಲೆಕ್ಸ್ ಅಂಗಡಿ ಮುಂದೆ ನಿಂತ್ಕೊಂಡೇ ಅವರು ಅದನ್ನ ಓದಿದ್ರು. ರೋಲೆಕ್ಸ್ ಅಂದ್ರೆ ವಾಚಲ್ಲ, ಚಪಾತಿ ಮೇಲೆ ಆಮ್ಲೆಟ್ ಹಾಕಿ, ಟೊಮ್ಯಾಟೊ, ಎಲೆಕೋಸು ಇಟ್ಟು ಸುತ್ತಿ ಕೊಡೋದು, ರೋಲ್ಡ್ ಎಗ್ಸ್ ಅನ್ನೋದೇ ಬಾಯಲ್ಲಿ ರೋಲೆಕ್ಸ್ ಆಗಿದೆ. ಹಿಂದಿನ ಪುಟದ ರೆಫರೆನ್ಸ್ ಪಟ್ಟಿ ತೆಗೆದು ಪೆನ್ನಲ್ಲಿ ಒಂದೊಂದಾಗಿ ಟಿಕ್ ಹಾಕ್ತಾ ಹೋದ್ರು. 61 ಹೆಸರಲ್ಲಿ ಟಿಕ್ ಬಿದ್ದಿದ್ದು ನಾಲ್ಕಕ್ಕೆ. "ಮುವಾಲಾ ವಾಂಗೆ," ಅಂದ್ರು, ನನ್ನ ಮಗಳೇ ಅಂತ, "ಆಫ್ರಿಕಾ ಬಗ್ಗೆ ಬರ್ದಿದೀಯ, ಆಫ್ರಿಕಾದೋರು ನಾಲ್ಕೇ ಜನ. ಈ ಪ್ರಶ್ನೆ ಯಾರ್ದು ಹೇಳು, ನಿನ್ನದಾ, ಇಲ್ಲಿಯವರದ್ದಾ, ದುಡ್ಡು ಕೊಡೋರದ್ದಾ?" ಆಮೇಲೆ ಅವರೇ ನಿಧಾನಕ್ಕೆ, ನಾನೂ ಹೋದ ವರ್ಷ ಎನ್‌ಜಿಓಗಳಿಗೆ ರಿಪೋರ್ಟ್ ಬರ್ಕೊಟ್ಟೆ, ಮಕ್ಕಳ ಸ್ಕೂಲ್ ಫೀಸ್ ಇತ್ತು, ನನ್ನ ಸ್ವಂತ ಬರವಣಿಗೆ ಒಂದು ಪುಟ ಆಗ್ಲಿಲ್ಲ ಅಂದ್ರು. ಆ ಮುಖ ನನಗೆ ಇನ್ನೂ ಕಣ್ಣಿಗೆ ಕಟ್ಟಿದ ಹಾಗಿದೆ.

ನಾನು ವಿಷಯ ಬದಲಾಯಿಸಿ ಅದೇ ಚಪಾತಿ ಅಂಗಡಿಯವರ ಬಗ್ಗೆ ಥೀಸಿಸ್ ಮಾಡಿದೆ. ಅಲ್ಲಿ ಚಪಾತಿ ಮಾರೋ ಎಷ್ಟೋ ಹುಡುಗರು ದೇಶದ ಪೂರ್ವದ ಬುಸೋಗಾ ಕಡೆಯವರು. ಅವರಲ್ಲಿ ಒಬ್ಬ, ನಮ್ಮಜ್ಜ ಆ ಕಡೆಯ ಜಿಂಜಾ ಪಟ್ಟಣದಲ್ಲಿ ಇಂಡಿಯನ್ನರ ಮನೇಲಿ ಅಡುಗೆಗಿದ್ದ, ಅವನಿಂದ ಬಂದ ಕೈ ಇದು ಅಂತ ಹೇಳ್ಕೊಂಡು ಚಪಾತಿ ಲಟ್ಟಿಸ್ತಿದ್ದ. ಮೊದ್ಲು ನನ್ನ ಹತ್ರ ಇದ್ದಿದ್ದು ಹೊರಗಡೆಯಿಂದ ಬಂದ ಒಂದು ರೆಡಿ ಪ್ರಶ್ನಾವಳಿ, ಅದರಲ್ಲಿ ಉದ್ಯೋಗ ಅನ್ನೋ ಕಡೆ ಎರಡೇ ಡಬ್ಬಿ, ಫಾರ್ಮಲ್, ಇನ್‌ಫಾರ್ಮಲ್. ಅಂಗಡಿಯವರನ್ನ ಅಲ್ಲಿಯ ಲುಗಾಂಡ ಭಾಷೇಲಿ ಕೇಳಿದ್ರೆ ಅವರು ಹೇಳ್ತಿದ್ದ ಮಾತು ಒಕುಯಿಯ್ಯ. ಇಲ್ಲದ್ದರಲ್ಲೇ ತಲೆ ಓಡಿಸಿ ಹೊಸದೊಂದು ದಾರಿ ಹುಡುಕೋದು, ಅದರಲ್ಲಿ ಸ್ವಲ್ಪ ಜಾಣತನ, ಸ್ವಲ್ಪ ಹೆಮ್ಮೆ, ಎರಡೂ ಇದೆ. ಯಾವ ಡಬ್ಬಿಗೆ ಟಿಕ್ ಹಾಕ್ಲಿ ನಾನು? ಪ್ರಶ್ನಾವಳಿ ಪಕ್ಕಕ್ಕಿಟ್ಟು ಆ ಪದಾನೇ ಹಿಡ್ಕೊಂಡು ಒಂದು ಅಧ್ಯಾಯ ಬರೆದೆ. ಎರಡು ವರ್ಷದಲ್ಲಿ ನಾನು ಕಲಿತಿದ್ದರಲ್ಲಿ ದೊಡ್ಡದು ಅದೇ.

ಇಂಟರ್ನೆಟ್ ಆಗ ಇಡೀ ಪೂರ್ವ ಆಫ್ರಿಕಾಗೇ ಸ್ಯಾಟಲೈಟ್‌ನಲ್ಲಿ ಬರ್ತಿತ್ತು, ದುಬಾರಿ, ನಿಧಾನ. ಒಂದು ಪಿಡಿಎಫ್ ಇಳಿಸೋಕೆ ಕೆಫೆಯಲ್ಲಿ ನಿಮಿಷಕ್ಕೆ ಇಷ್ಟು ಅಂತ ಕೊಟ್ಟು ಕೂತ್ಕೋಬೇಕು, ಕರೆಂಟ್ ಹೋದ್ರೆ ಮತ್ತೆ ಮೊದಲಿಂದ. 2009ರ ಜುಲೈನಲ್ಲಿ ಸಮುದ್ರದ ಕೆಳಗಿನ ಸೀಕಾಮ್ ಕೇಬಲ್ ಶುರುವಾದಾಗ ಹಬ್ಬದ ಹಾಗಿತ್ತು. ಆದ್ರೆ ನೆಟ್ ಬಂದಮೇಲೆ ಗೊತ್ತಾಯ್ತು, ಓದ್ಬೇಕಾದ ಲೇಖನ ಕ್ಷಣದಲ್ಲಿ ಸಿಗುತ್ತೆ, ಸಿಕ್ಕಿದ ಮೇಲೆ ಡಾಲರ್ ಕೇಳುತ್ತೆ.

ನನ್ನ ಕ್ಲಾಸ್‌ಮೇಟ್ ಒಬ್ಬನ ಪೇಪರ್ ಯೂರೋಪಿನ ಒಂದು ಕಾನ್ಫರೆನ್ಸಿಗೆ ಸೆಲೆಕ್ಟ್ ಆಯ್ತು, ವಿಷಯ ಏನು ಗೊತ್ತಾ, ಆಫ್ರಿಕಾದ ನಗರಗಳು. ಆರು ತಿಂಗಳ ಬ್ಯಾಂಕ್ ಸ್ಟೇಟ್‌ಮೆಂಟು, ಯೂನಿವರ್ಸಿಟಿ ಪತ್ರ, ಅಪ್ಪನ ಜಮೀನಿನ ಕಾಗದ ಎಲ್ಲಾ ಪ್ಲಾಸ್ಟಿಕ್ ಫೋಲ್ಡರಿಗೆ ಹಾಕ್ಕೊಂಡು, ಅಣ್ಣನ ಕೋಟ್ ಇಸ್ತ್ರಿ ಮಾಡಿ ಹಾಕ್ಕೊಂಡು ವೀಸಾ ಕೇಳೋಕೆ ಹೋದ. ವಾಪಸ್ ಬರೋ ಉದ್ದೇಶ ಖಾತ್ರಿ ಆಗ್ತಿಲ್ಲ ಅಂತ ಒಂದು ಸಾಲಿನ ಚೀಟಿ ಬಂತು. ಅವನ ಪೇಪರನ್ನ ಅಲ್ಲಿ ಕಂಪಾಲ ನೋಡದೇ ಇರೋ ಯಾರೋ ಓದಿದ್ರಂತೆ. ಅವತ್ತು ಸಾಯಂಕಾಲ ನಾವು ನಾಲ್ಕು ಜನ ವಾಂಡೆಗೆಯಾದಲ್ಲಿ ಕೂತು ಅವನ ಪೇಪರ್ ಅವನ ಬಾಯಿಂದಲೇ ಕೇಳಿದ್ವಿ, ಪೂರ್ತಿ, 20 ನಿಮಿಷ, ರೋಲೆಕ್ಸ್ ಅಂಗಡಿಯವನೂ ಒಲೆ ಸಣ್ಣ ಮಾಡ್ಕೊಂಡು ಕೇಳ್ತಿದ್ದ.

ನಾನು ಬಂದಮೇಲೂ ಅಲ್ಲಿಯ ಸುದ್ದಿ ತಪ್ಪಿಸಿಲ್ಲ. 2016ರ ನವೆಂಬರ್ 1ಕ್ಕೆ ಲೆಕ್ಚರರ್ ಸ್ಟ್ರೈಕು, ಸ್ಟೂಡೆಂಟ್ಸ್ ಗಲಾಟೆ ಅಂತ ರಾಷ್ಟ್ರಪತಿ ಯೂನಿವರ್ಸಿಟೀನೇ ಮುಚ್ಚಿಸಿದ್ರು, ಜನವರಿಯಲ್ಲಿ ತೆಗೆದಿದ್ದು. 2020ರ ಸೆಪ್ಟೆಂಬರ್ 20ರ ಬೆಳಗ್ಗೆ ವಾಟ್ಸಾಪ್ ಗ್ರೂಪ್ ತೆಗೆದ್ರೆ ಮೇನ್ ಬಿಲ್ಡಿಂಗ್ ಹತ್ಕೊಂಡು ಉರಿಯೋ ವಿಡಿಯೋ, ಬೆಂಗಳೂರಲ್ಲಿ ಅಡುಗೆಮನೇಲಿ ನಿಂತ್ಕೊಂಡು ಅತ್ತುಬಿಟ್ಟೆ. 2024ರಲ್ಲಿ ಹಳೇ ಥರಾನೇ ಕಟ್ಟಿ ಮತ್ತೆ ತೆರೆದಿದ್ದಾರೆ. ಇದರ ಮಧ್ಯೆ ಅದೇ ಕ್ಯಾಂಪಸ್ಸಿನೋರು ಏರ್‌ಕ್ಯೂ ಅಂತ ಶುರು ಮಾಡಿ, ಕಂಪಾಲದ ಧೂಳಿಗೂ ಬಿಸಿಲಿಗೂ ತಡೆಯೋ ಗಾಳಿಯ ಮಾಲಿನ್ಯ ಅಳೆಯೋ ಕಡಿಮೆ ಬೆಲೆಯ ಪೆಟ್ಟಿಗೆ ತಾವೇ ಮಾಡಿ ಬೋಡಾ ಬೋಡಾ ಬೈಕಿಗೆ ಕಟ್ಟಿ ಊರೆಲ್ಲಾ ಓಡಿಸಿದ್ರು, ಈಗ ಆಫ್ರಿಕಾದ ಬೇರೆ ಊರುಗಳಲ್ಲೂ ಅವು ಇವೆ. ನಮ್ಮೂರಿನ ಗಾಳಿ ಹೇಗಿದೆ ಅನ್ನೋದು ಅಲ್ಲಿಯವರೇ ಕೇಳ್ಕೊಂಡ ಪ್ರಶ್ನೆ, ಆ ಖುಷೀನ ನಾನು ಸಿಕ್ಕಿದೋರಿಗೆಲ್ಲಾ ಹೇಳ್ತೀನಿ. ಇವಾಗ ಜಿಂಜಾದಲ್ಲಿ, ಜಾಂಜಿಬಾರ್‌ನಲ್ಲಿ ನಮ್ಮ ದೇಶದ ಸಂಸ್ಥೆಗಳ ಕ್ಯಾಂಪಸ್ ಬಂದಿದೆ, ಜಾಂಜಿಬಾರ್‌ನಲ್ಲಿ ಐಐಟಿ ಮದ್ರಾಸ್ 2023ರಲ್ಲಿ ಶುರು ಮಾಡ್ತು. ಒಳ್ಳೇದೇ. ಅಲ್ಲಿಗೆ ಪಾಠ ಮಾಡೋಕೆ ಹೋಗೋರು ಒಂದು ಸಲ ರೆಫರೆನ್ಸ್ ಪಟ್ಟಿಗೆ ನನ್ನ ಗೈಡ್ ಹಾಕಿದ ಥರ ಟಿಕ್ ಹಾಕಿ ನೋಡ್ಲಿ ಅನ್ಸುತ್ತೆ.

ವೀಸಾ ಸಿಗದ ನನ್ನ ಗೆಳೆಯ ಈಗ ಕಂಪಾಲದಿಂದ ದೂರದ ಒಂದು ಯೂನಿವರ್ಸಿಟಿಯಲ್ಲಿ ಮೇಷ್ಟ್ರು. ಕ್ಲಾಸಲ್ಲಿ ಹಿಂದೆ ಕೂತೋರಿಗೆ ಕೇಳ್ಸಲ್ಲ ಅಂತ ಸಣ್ಣ ಸ್ಪೀಕರ್ ಒಂದನ್ನ ಸ್ವಂತ ದುಡ್ಡಲ್ಲಿ ತಗೊಂಡಿದಾನೆ. ಬರೋ ಡಿಸೆಂಬರ್‌ಗೆ ಬೆಂಗಳೂರಲ್ಲಿ ಒಂದು ಸೆಮಿನಾರಿಗೆ ಬರ್ತಿದಾನೆ, ವೀಸಾ ಸಿಕ್ಕಿದೆ. ಒಂದು ದಿನ ನಮ್ಮ ಕಾಲೇಜಿಗೂ ಕರ್ಕೊಂಡು ಬರ್ತೀನಿ, ಹುಡುಗರ ಜೊತೆ ಕೂರಿಸಿ ಅಂತ ಮೇಡಂಗೆ ಕೇಳಿದೀನಿ, ಹಾಸ್ಟೆಲ್‌ನಲ್ಲಿ ಈಗ ಇಬ್ಬರು ಉಗಾಂಡದ ಹುಡುಗರು ಇದ್ದಾರಂತೆ, ಅವರನ್ನೂ ಮುಂದಿನ ಬೆಂಚಿಗೇ ಕರೀರಿ ಅಂತ ಹೇಳಿದೀನಿ.