ನೆನಪಿನ ಪರೀಕ್ಷೆಗೆ ಕೂರಿಸುವ ಮೊದಲು

ಓಪಿಡಿ ಚೀಟಿಯ ಮೇಲೆ ‘ಎಂಎಂಎಸ್‌ಇ 17/30’ ಅಂತ ಬರೆದು ರೋಗಿಯನ್ನು ನಮ್ಮ ಕೋಣೆಗೆ ಕಳಿಸುತ್ತಾರೆ. ಎಂಎಂಎಸ್‌ಇ ಅಂದರೆ ನೆನಪು, ಗಮನ, ಭಾಷೆಯನ್ನು ನೋಡುವ ಚಿಕ್ಕ ಪ್ರಶ್ನೋತ್ತರ ಪರೀಕ್ಷೆ. ಆ 17 ಯಾವ ಹೊತ್ತಿನಲ್ಲಿ ಬಂತು, ಯಾವ ಭಾಷೆಯಲ್ಲಿ ಕೇಳಿದ್ದು, ಕನ್ನಡಕ ಹಾಕಿದ್ದರೋ ಇಲ್ಲವೋ, ಎಷ್ಟನೇ ಕ್ಲಾಸಿನವರೆಗೆ ಓದಿದವರು ಅನ್ನುವುದು ಒಂದೂ ಇರುವುದಿಲ್ಲ. ನ್ಯೂರೋಸೈಕಾಲಜಿ (ನೆನಪು, ಯೋಚನೆಯನ್ನು ಅಳೆದು ಮಿದುಳಿನ ಸ್ಥಿತಿ ತಿಳಿಯುವ) ವಿಭಾಗಕ್ಕೆ ಹೊಸದಾಗಿ ಸೇರಿದವರಿಗೆ ಮೊದಲು ಹೇಳಬೇಕಾದ ಮಾತು ಇದು: ಆ ಅಂಕದಲ್ಲಿ ಮಿದುಳಿನ ಪಾಲೆಷ್ಟು, ಕಿವಿಯ ಪಾಲೆಷ್ಟು, ಹಸಿವು, ನಿದ್ದೆ, ಮಾತ್ರೆ, ಶಾಲೆಯ ಪಾಲೆಷ್ಟು ಅಂತ ಬಿಡಿಸುವುದರಲ್ಲೇ ನಮ್ಮ ಅರ್ಧ ಕೆಲಸ ಇದೆ.

ಹೊಟ್ಟೆಯಿಂದಲೇ ಶುರು ಮಾಡೋಣ. ದೂರದ ಜಿಲ್ಲೆಗಳಿಂದ ಬರುವವರು ರಾತ್ರಿ ಬಸ್ಸು ಹತ್ತಿರುತ್ತಾರೆ. ಬೆಳಿಗ್ಗೆ ಖಾಲಿ ಹೊಟ್ಟೆಯಲ್ಲಿ ರಕ್ತ ಕೊಟ್ಟು, ಕ್ಯೂ ನಿಂತು, ಹನ್ನೊಂದು ಗಂಟೆಗೆ ನಮ್ಮ ಮುಂದೆ ಕೂರುತ್ತಾರೆ. ಸಕ್ಕರೆ ಕಾಯಿಲೆಯವರಾದರೆ ಕೆಲವೊಮ್ಮೆ ಮಾತ್ರೆ ನುಂಗಿ ತಿಂಡಿ ಬಿಟ್ಟಿರುತ್ತಾರೆ. ಅಂಥವರನ್ನು ಪರೀಕ್ಷೆಗೆ ಕೂರಿಸಬೇಡಿ. ಗ್ಲುಕೋಮೀಟರ್‌ನಲ್ಲಿ ಸಕ್ಕರೆ ನೋಡಿಸಿ, ಇಡ್ಲಿ ತಿಂದು ಬರಲಿ, ಅರ್ಧ ಗಂಟೆ ಕೂತು ಸುಧಾರಿಸಿಕೊಳ್ಳಲಿ. ಕಿವಿಗೆ ಸುಲಭದ ಪರೀಕ್ಷೆ ಇದೆ: ಹಿಂದೆ ಒಂದು ತೋಳಿನಷ್ಟು ದೂರದಲ್ಲಿ ನಿಂತು ಪಿಸುಮಾತಿನಲ್ಲಿ ಎರಡು ಮೂರು ಅಂಕಿ ಹೇಳಿ, ಹಾಗೇ ಹೇಳಿಸಿ. ಕೇಳಿಸದಿದ್ದರೆ ಗುಗ್ಗೆ ತೆಗೆಸಲು ಇಎನ್‌ಟಿಗೆ ಕಳಿಸಿ, ಆಮೇಲೆ ನೆನಪಿನ ಮಾತು. ಕೇಳಿಸದ ಪದವನ್ನು ಯಾರೂ ನೆನಪಿಟ್ಟುಕೊಳ್ಳಲಾರರು.

ಭಾಷೆಯ ವಿಷಯದಲ್ಲಿ ‘ಕನ್ನಡ ಬರುತ್ತದೆಯೇ’ ಅಂತ ಕೇಳಿದರೆ ಎಲ್ಲರೂ ಹೂಂ ಅನ್ನುತ್ತಾರೆ. ‘ದುಡ್ಡು ಎಣಿಸುವಾಗ ಮನಸ್ಸಲ್ಲಿ ಯಾವ ಭಾಷೆ’ ಅಂತ ಕೇಳಿ. ಕೋಲಾರದ ಕಡೆಯವರು ತೆಲುಗು ಅನ್ನಬಹುದು, ಮಂಗಳೂರಿನವರು ತುಳು ಅಥವಾ ಕೊಂಕಣಿ, ತಾಂಡಾದವರು ಲಂಬಾಣಿ. ಆ ಭಾಷೆ ಬಲ್ಲ ಸಿಬ್ಬಂದಿ ಇದ್ದರೆ ಅವರಿಂದಲೇ ಕೇಳಿಸಬೇಕು. ಮಗನಿಂದ ಅನುವಾದ ಮಾಡಿಸಿದರೆ ಪ್ರಶ್ನೆಯ ಜೊತೆಗೆ ಉತ್ತರವೂ ಹೋಗುತ್ತದೆ.

ಮಾತ್ರೆಗಳಿಗೆ ಹೆಚ್ಚು ಸಮಯ ಕೊಡಿ. ಹೆಸರು ಕೇಳಬೇಡಿ, ಪ್ಲಾಸ್ಟಿಕ್ ಕವರನ್ನು ಮೇಜಿನ ಮೇಲೆ ಸುರಿಸಿ. ನಡುಕಕ್ಕೆ ಕೊಟ್ಟ ಟ್ರೈಹೆಕ್ಸಿಫೆನಿಡಿಲ್, ನರದ ನೋವಿಗೆ ಕೊಟ್ಟ ಅಮಿಟ್ರಿಪ್ಟಿಲಿನ್, ಮೂತ್ರ ತಡೆಯಲು ಕೊಟ್ಟ ಆಕ್ಸಿಬ್ಯುಟಿನಿನ್, ಅಂಗಡಿಯಲ್ಲಿ ಕೇಳಿ ತಂದ ನೆಗಡಿ ಮಾತ್ರೆಯ ಕ್ಲೋರ್‌ಫೆನಿರಮಿನ್ ಇವೆಲ್ಲ ಮಿದುಳಿನಲ್ಲಿ ಅಸಿಟೈಲ್‌ಕೋಲಿನ್ ಕೆಲಸವನ್ನು ತಡೆಯುತ್ತವೆ. ನೆನಪು ಕೂರಲು ಬೇಕಾದ ರಾಸಾಯನಿಕವೇ ಅದು. ಮರೆವಿಗೆ ಕೊಡುವ ಡೊನೆಪೆಜಿಲ್ ಮಾಡುವುದು ಅದನ್ನು ಹೆಚ್ಚಿಸುವ ಕೆಲಸ. ಒಂದೇ ಕವರಿನಲ್ಲಿ ಡೊನೆಪೆಜಿಲ್ ಮತ್ತು ಆಕ್ಸಿಬ್ಯುಟಿನಿನ್ ಎರಡೂ ಸಿಗುವುದುಂಟು. ಒಬ್ಬ ವೈದ್ಯರು ಬರೆದದ್ದು ಇನ್ನೊಬ್ಬರಿಗೆ ಗೊತ್ತಿರುವುದಿಲ್ಲ. ನಾವು ಮಾತ್ರೆ ನಿಲ್ಲಿಸುವವರಲ್ಲ. ಪಟ್ಟಿ ಬರೆದು, ಕೆಂಪು ಗೆರೆ ಹಾಕಿ, ಅದೇ ದಿನ ವೈದ್ಯರ ಕೈಗೆ ಕೊಡುವುದು ನಮ್ಮ ಪಾಲಿನದು. ನಿದ್ದೆಗೆಂದು ವರ್ಷಗಟ್ಟಲೆ ತಿನ್ನುವ ಆಲ್ಪ್ರಜೋಲಾಂ ಕೂಡ ಈ ಪಟ್ಟಿಗೆ ಸೇರುತ್ತದೆ. ಅದನ್ನು ಮನೆಯವರು ತಾವಾಗಿ ಒಮ್ಮೆಲೇ ನಿಲ್ಲಿಸಿದರೆ ಫಿಟ್ಸ್ ಬರಬಹುದು. ಇದನ್ನು ಬಾಯಿಬಿಟ್ಟು ಹೇಳಿ ಕಳಿಸಿ.

ಇನ್ನು ಶಾಲೆ. ಎಂಎಂಎಸ್‌ಇ 1975ರಲ್ಲಿ ಅಮೆರಿಕದಲ್ಲಿ ಆದದ್ದು. ಒಟ್ಟು 30 ಅಂಕ, 24ಕ್ಕಿಂತ ಕಡಿಮೆ ಬಂದರೆ ಅನುಮಾನ ಅಂತ ರೂಢಿ. ಶಾಲೆ ಮೆಟ್ಟಿಲು ಹತ್ತದ, ಆದರೆ ನೆನಪು ಪೂರ್ತಿ ನೆಟ್ಟಗಿರುವ ಅಜ್ಜಿಯೊಬ್ಬರನ್ನು ಅದಕ್ಕೆ ಕೂರಿಸಿ ನೋಡಿ. ಓದಿ ಅದರಂತೆ ಮಾಡುವುದಕ್ಕೆ 1, ವಾಕ್ಯ ಬರೆಯುವುದಕ್ಕೆ 1, ಐದು ಮೂಲೆಯ ಚಿತ್ರ ನಕಲು ಮಾಡುವುದಕ್ಕೆ 1, ನೂರರಿಂದ ಏಳೇಳು ಕಳೆಯುವುದಕ್ಕೆ 5. ಎಂಟು ಅಂಕ ಆಗಲೇ ಹೋಯಿತು. ತಾರೀಕು, ಇಸವಿ ಅವರ ಬದುಕಿಗೆ ಬೇಕಿಲ್ಲ, ಇನ್ನೆರಡು ಹೋಯಿತು. ಉಳಿದದ್ದು 20. ಕಾಯಿಲೆಯೇ ಇಲ್ಲದ ಹೆಂಗಸಿಗೆ ಕಾಗದದ ಮೇಲೆ ಡಿಮೆನ್ಷಿಯಾ (ಮರೆವಿನ ಕಾಯಿಲೆ) ಬಂದುಬಿಟ್ಟಿತು. 2005ರ ಮೋಕಾ ಪರೀಕ್ಷೆಯಲ್ಲಿ 12 ವರ್ಷ ಅಥವಾ ಅದಕ್ಕಿಂತ ಕಡಿಮೆ ಓದಿದವರಿಗೆ ಒಂದು ಅಂಕ ಸೇರಿಸುತ್ತಾರೆ, ಸೊನ್ನೆ ಓದಿದವರಿಗೆ ಆ ಒಂದು ಏನೂ ಸಾಲದು. ಹರಿಯಾಣದ ಬಲ್ಲಭಗಢದ ಹಳ್ಳಿಗಳಿಗೆಂದು 1990ರ ದಶಕದಲ್ಲಿ ಹಿಂದಿಯಲ್ಲಿ ಮಾಡಿದ ಎಚ್‌ಎಂಎಸ್‌ಇ ಈ ತೊಂದರೆಗೇ ಹುಟ್ಟಿದ್ದು. ಓದು ಬರಹ ಇರುವವರಿಗೆ 100 ಅಂಕದ ಎಸಿಇ-3 ಕನ್ನಡದಲ್ಲೂ ಇದೆ, ಅದನ್ನು ಬಳಸಿ.

ಏಳೇಳು ಕಳೆಯುವ ಬದಲು ವಾರದ ಹೆಸರುಗಳನ್ನು ಹಿಂದಿನಿಂದ ಹೇಳಿಸಬಹುದು. ತಾರೀಕು ತಪ್ಪಿದರೆ ಅಂಕ ಕಳೆಯಿರಿ, ಆದರೆ ‘ಈಗ ಯಾವ ಮಳೆ ನಡೀತಿದೆ ಯಜಮಾನರೇ’ ಅಂತಲೂ ಕೇಳಿ ಪಕ್ಕದಲ್ಲಿ ಬರೆದಿಡಿ. ‘ಮೃಗಶಿರಾ ಮುಗೀತು, ಆರಿದ್ರಾ ಹಿಡಿದು ನಾಲ್ಕು ದಿನ’ ಅನ್ನುವ ರೈತರಿಗೆ ಕಾಲದ ಅರಿವು ಇದೆ.

ಮೂರು ಪದ ಹೇಳಿ ಐದು ನಿಮಿಷ ಬಿಟ್ಟು ಕೇಳುವುದರಲ್ಲೂ ತಪ್ಪು ನಡೆಯುತ್ತದೆ. ‘ಮೇಜು’ ಅಂದರೆ ಎಷ್ಟೋ ಮಂದಿಗೆ ಅದು ಪುಸ್ತಕದ ಪದ. ತೆಂಗಿನಕಾಯಿ, ಬೀಗ, ಕಂಬಳಿ ಹೀಗೆ ಒಂದಕ್ಕೊಂದು ನಂಟಿಲ್ಲದ, ಬಳಕೆಯ ಪದ ಆರಿಸಿ. ಸೆಕೆಂಡಿಗೊಂದರಂತೆ ಹೇಳಿ, ಮೂರನ್ನೂ ವಾಪಸ್ ಹೇಳಿಸಿಕೊಂಡ ಮೇಲೆಯೇ ಗಡಿಯಾರ ನೋಡಿಕೊಳ್ಳಿ. ಮೂರು ಆಸ್ಪತ್ರೆ ಸುತ್ತಿ ಬಂದವರಿಗೆ ಅದೇ ಮೂರು ಪದ ಬಾಯಿಪಾಠ ಆಗಿರುತ್ತದೆ, ಅಂಥವರಿಗೆ ಬೇರೆ ಪಟ್ಟಿ ಬೇಕು. ಮನೆಯವರ ಕುರ್ಚಿ ರೋಗಿಯ ಬೆನ್ನ ಹಿಂದೆ ಇರಲಿ.

ನಿಜವಾದ ಸುಳಿವು ಸಿಗುವುದು 15 ಪದದ ಪಟ್ಟಿಯಲ್ಲಿ. ಐದು ಸಲ ಓದಿ ಐದು ಸಲ ಕೇಳುತ್ತೇವೆ. ನಡುವೆ ಬೇರೊಂದು ಪಟ್ಟಿ ಓದಿ, ಮೊದಲಿನದನ್ನು ಮತ್ತೆ ಕೇಳಿ, 20 ನಿಮಿಷ ಬಿಟ್ಟು ಇನ್ನೊಮ್ಮೆ. ಕೊನೆಗೆ ಹೇಳಿದ್ದು, ಹೇಳದ್ದು ಬೆರೆಸಿ ಓದಿ ಗುರುತಿಸಲು ಹೇಳುತ್ತೇವೆ. ಒಬ್ಬರದು 4, 5, 7, 8, 9 ಅಂತ ಏರಿತು ಅನ್ನಿ. 20 ನಿಮಿಷದ ನಂತರ ಐದೇ ಬಂತು, ಆದರೆ ಗುರುತಿಸುವಾಗ 13 ಸರಿ. ಪದ ಒಳಗೆ ಹೋಗಿದೆ, ಹೊರಗೆ ತೆಗೆಯುವುದು ಕಷ್ಟವಾಗಿದೆ. ಖಿನ್ನತೆ, ಪಾರ್ಕಿನ್ಸನ್ಸ್, ಮಿದುಳಿನ ಸಣ್ಣ ರಕ್ತನಾಳಗಳ ತೊಂದರೆಯಲ್ಲಿ ಇಂಥದ್ದು ಕಾಣುತ್ತದೆ. ಇನ್ನೊಬ್ಬರದು 3, 4, 4, 5, 4. ಆಮೇಲೆ ಒಂದೂ ಇಲ್ಲ. ಗುರುತಿಸುವಾಗ ಹೇಳದ ಪದಗಳಿಗೂ ‘ಹೌದು, ಹೇಳಿದ್ರಿ’ ಅನ್ನುತ್ತಾರೆ. ಪದ ಒಳಗೆ ನಿಂತೇ ಇಲ್ಲ. ಆಲ್ಜೈಮರ್ಸ್, ಹೊಸ ನೆನಪು ಕೂರಿಸುವ ಮಿದುಳಿನ ಭಾಗವಾದ ಹಿಪೊಕ್ಯಾಂಪಸ್ಸನ್ನು ಮೊದಲೇ ಹಿಡಿಯುವುದರಿಂದ ಹೀಗಾಗುತ್ತದೆ. ಎಂಎಂಎಸ್‌ಇ ಒಟ್ಟು ಅಂಕ ಇಬ್ಬರದೂ ಹೆಚ್ಚುಕಡಿಮೆ ಒಂದೇ ಇರಬಹುದು, ಕಾಯಿಲೆ ಬೇರೆ.

ಕೂತ ರೀತಿಯನ್ನೂ ನೋಡಿ. ಖಿನ್ನತೆಯವರು ‘ಗೊತ್ತಿಲ್ಲಮ್ಮ, ನನ್ನ ತಲೇಲಿ ಏನೂ ನಿಲ್ಲಲ್ಲ’ ಅಂತ ತಾವೇ ಹೇಳಿಕೊಂಡು ಮೊದಲ ಪ್ರಶ್ನೆಗೇ ಕೈಚೆಲ್ಲುತ್ತಾರೆ. ಆಲ್ಜೈಮರ್ಸ್ ಇರುವವರು ‘ನನಗೇನಾಗಿದೆ, ಚೆನ್ನಾಗೇ ಇದೀನಿ’ ಅಂದು, ಪ್ರತಿ ಪ್ರಶ್ನೆಗೂ ಹೆಂಡತಿಯ ಕಡೆ ಕತ್ತು ತಿರುಗಿಸುತ್ತಾರೆ. ಇಳಿವಯಸ್ಸಿನಲ್ಲಿ ಮೊದಲ ಬಾರಿ ಬಂದ ಖಿನ್ನತೆಯ ಹಿಂದೆಯೇ ಡಿಮೆನ್ಷಿಯಾ ಬರುವುದೂ ಇದೆ. ಹಾಗಾಗಿ ಚಿಕಿತ್ಸೆ ಕೊಟ್ಟು ಆರು ತಿಂಗಳಿಗೆ ಬೇರೆ ಪಟ್ಟಿಯಿಂದ ಮರುಪರೀಕ್ಷೆ ಮಾಡಬೇಕು.

ಗಡಿಯಾರದ ಚಿತ್ರ ಎರಡು ನಿಮಿಷದ ಕೆಲಸ. ‘ಹನ್ನೊಂದು ಗಂಟೆ ಹತ್ತು ನಿಮಿಷ’ ಅಂದಾಗ ದೊಡ್ಡ ಮುಳ್ಳನ್ನು ಎರಡರ ಬದಲು ಹತ್ತರ ಮೇಲಿಟ್ಟರೆ, ಕೇಳಿದ ಪದ ಕೈಯನ್ನು ಎಳೆದಿದೆ, ಮುಂಭಾಗದ ಮಿದುಳು ತಡೆದಿಲ್ಲ. ಅಂಕಿಗಳೆಲ್ಲ ಬಲಗಡೆಯೇ ಗುಂಪುಗೂಡಿದ್ದರೆ ಮಿದುಳಿನ ಬಲಭಾಗದ ಸ್ಟ್ರೋಕ್ ನೆನೆಯಿರಿ. ಪಾರ್ಕಿನ್ಸನ್ಸ್‌ನವರಿಗೆ ಲೆವೊಡೋಪಾ ತೆಗೆದುಕೊಂಡು ಸುಮಾರು ಒಂದು ಗಂಟೆಯ ಮೇಲೆ ಪೆನ್ಸಿಲ್ ಕೊಡಿ, ಮೊದಲೇ ಕೊಟ್ಟರೆ ನೀವು ಅಳೆಯುವುದು ಕೈಯ ಬಿಗಿತವನ್ನು.

ಸ್ಕಿಜೋಫ್ರೇನಿಯಾ ಇರುವ ಮಕ್ಕಳ ತಂದೆ ತಾಯಿ ‘ಮಾತ್ರೆ ತಿಂದು ಮಂಕಾದ’ ಅನ್ನುತ್ತಾರೆ. ಸ್ವಲ್ಪ ನಿಜ. ಆದರೆ ನಿಧಾನವಾದ ಯೋಚನೆ, ಮನಸ್ಸಿನಲ್ಲಿ ಹಿಡಿದಿಟ್ಟುಕೊಂಡು ಲೆಕ್ಕ ಹಾಕುವ ಶಕ್ತಿಯ ಕೊರತೆ ಕಾಯಿಲೆಯ ಮೊದಲ ಹಂತದಲ್ಲೇ, ಮಾತ್ರೆ ಶುರುವಾಗುವ ಮೊದಲೇ ಇರುತ್ತದೆ. ಅದು ಸೋಮಾರಿತನ ಅಲ್ಲ ಅಂತ ಮನೆಯವರಿಗೆ ಹೇಳಲೇಬೇಕು. ‘ಹಾಲು ತಗೊಂಡು, ಕರೆಂಟ್ ಬಿಲ್ ಕಟ್ಟಿ, ಅಜ್ಜನ ಮಾತ್ರೆ ತಾ’ ಅಂದರೆ ಮೊದಲನೆಯದು ಮಾತ್ರ ಆಗುತ್ತದೆ. ಒಂದು ಸಲಕ್ಕೆ ಒಂದೇ ಕೆಲಸ ಹೇಳಿ, ಉಳಿದದ್ದನ್ನು ಚೀಟಿಯಲ್ಲಿ ಬರೆದು ಕೊಡಿ.

ಕೆಲವರನ್ನು ಪರೀಕ್ಷೆ ಮಾಡದೆ ವಾಪಸ್ ಕಳಿಸಬೇಕು, ಅದೂ ಅದೇ ಗಂಟೆಯಲ್ಲಿ. ‘ಸೋಮವಾರದವರೆಗೂ ಚೆನ್ನಾಗಿದ್ರು’ ಅಂದರೆ ಅದು ಡಿಮೆನ್ಷಿಯಾ ಅಲ್ಲ, ಹಿರಿಯರು ಸನ್ನಿ ಅನ್ನುತ್ತಿದ್ದ ಡೆಲಿರಿಯಂ ಇರಬಹುದು. ವಾರ ಹಿಂದಿನಿಂದ ಹೇಳುತ್ತಾ ಶುಕ್ರವಾರಕ್ಕೇ ಎಳೆ ತಪ್ಪುತ್ತದೆ, ಕಣ್ಣು ಮುಚ್ಚಿಕೊಳ್ಳುತ್ತದೆ, ಬೆಳಿಗ್ಗೆ ಒಂದು ಥರ ಸಂಜೆ ಒಂದು ಥರ. ಮೂತ್ರದ ಸೋಂಕು, ಬಿಪಿ ಮಾತ್ರೆಯಿಂದ ಇಳಿದ ಸೋಡಿಯಂ, ಸೊಂಟದ ಆಪರೇಷನ್, ಕಟ್ಟಿಕೊಂಡ ಮೂತ್ರ ಇವು ಸಾಮಾನ್ಯ ಕಾರಣ. ಕುಡಿತದವರಲ್ಲಿ ಗೊಂದಲದ ಜೊತೆ ನಡಿಗೆ ತೂರಾಡಿದರೆ, ಕಣ್ಣುಗುಡ್ಡೆ ಅದುರಿದರೆ ಥಯಾಮಿನ್ (ವಿಟಮಿನ್ ಬಿ1) ಕೊರತೆ. ಥಯಾಮಿನ್ ರಕ್ತನಾಳದ ಮೂಲಕವೇ ಹೋಗಬೇಕು, ಗ್ಲುಕೋಸ್ ಡ್ರಿಪ್‌ಗೆ ಮೊದಲು. ತಡವಾದರೆ ನೆನಪು ವಾಪಸ್ ಬಾರದೇ ಹೋಗಬಹುದು. ಕುಡಿತ ಬಿಟ್ಟು ಎರಡು ಮೂರು ವಾರ ಆಗುವ ತನಕ ವಿವರವಾದ ಪರೀಕ್ಷೆಗೆ ಅರ್ಥವಿಲ್ಲ. ಬಚ್ಚಲಲ್ಲಿ ಜಾರಿ ಬಿದ್ದು ಮೂರು ವಾರದ ಮೇಲೆ ಮಂಕಾದವರಿಗೆ, ಅದರಲ್ಲೂ ಆಸ್ಪಿರಿನ್ ತಿನ್ನುವವರಿಗೆ, ಮೊದಲು ಸಿಟಿ ಸ್ಕ್ಯಾನ್. ಕಾಲು ನೆಲಕ್ಕೆ ಅಂಟಿದಂತೆ ನಡೆದು, ಮೂತ್ರ ತಡೆಯಲಾಗದೆ, ಮರೆವೂ ಬಂದಿದ್ದರೆ ಮಿದುಳಿನಲ್ಲಿ ನೀರು ತುಂಬಿರಬಹುದು. ಬಿ12, ಥೈರಾಯ್ಡ್ ಎಲ್ಲರಿಗೂ ನೋಡಲೇಬೇಕು. ‘ಅರವತ್ತಕ್ಕೆ ಅರಳು ಮರಳು’ ಅನ್ನುವ ಮಾತಿನಿಂದ ವಾಸಿಯಾಗಬಹುದಾದ ಎಷ್ಟೋ ಜನ ಮನೆಯ ಮೂಲೆಯಲ್ಲೇ ಉಳಿದಿದ್ದಾರೆ, ಇದು ನೋವಿನ ಸಂಗತಿ.

ಮನೆಯವರನ್ನು ಬೇರೆ ಕೋಣೆಯಲ್ಲಿ ಮಾತಾಡಿಸಿ. ‘ಮರೆವಿದೆಯಾ’ ಅನ್ನಬೇಡಿ, ಹತ್ತು ವರ್ಷದ ಹಿಂದಿನ ಅವರಿಗೂ ಈಗಿನ ಅವರಿಗೂ ಏನು ವ್ಯತ್ಯಾಸ ಅಂತ ಕೇಳಿ. ಸಾರಿಗೆ ಎರಡು ಸಲ ಉಪ್ಪು ಹಾಕುತ್ತಾರಾ, ಡೈರಿಗೆ ಹಾಲು ಹಾಕಿದ ಲೆಕ್ಕ ಇಟ್ಟುಕೊಳ್ಳುತ್ತಾರಾ, ಪಿಂಚಣಿ ದುಡ್ಡು ಎಲ್ಲಿಟ್ಟರು, ಹುಟ್ಟೂರಿನ ದಾರಿ ತಪ್ಪಿತಾ, ಗ್ಯಾಸ್ ಆರಿಸುತ್ತಾರಾ. ಮಗ ಬೆಂಗಳೂರಿನಲ್ಲಿದ್ದು ತಿಂಗಳಿಗೊಮ್ಮೆ ಹೋಗುವವರಾದರೆ ಜೊತೆಗಿರುವ ಸೊಸೆಗೋ ಪಕ್ಕದ ಮನೆಯವರಿಗೋ ಫೋನ್ ಮಾಡಿಸಿ.

ವರದಿಯಲ್ಲಿ ಅಂಕದ ಪಕ್ಕದಲ್ಲೇ ಇಷ್ಟು ಬರೆಯಿರಿ: ಓದಿದ ವರ್ಷ, ಕೇಳಿದ ಭಾಷೆ, ಕನ್ನಡಕ ಮತ್ತು ಶ್ರವಣಯಂತ್ರ ಇದ್ದವೇ, ಊಟ ನಿದ್ದೆ ಆಗಿತ್ತೇ, ಕೊನೆಯ ಡೋಸ್ ಎಷ್ಟು ಗಂಟೆಗೆ, ಬಳಸಿದ ಪದಪಟ್ಟಿ ಯಾವುದು, ಮಾಹಿತಿ ಕೊಟ್ಟವರು ರೋಗಿಯ ಜೊತೆ ವಾರಕ್ಕೆ ಎಷ್ಟು ದಿನ ಇರುತ್ತಾರೆ. ಆರು ತಿಂಗಳ ಮೇಲೆ ಅದೇ ಫೈಲ್ ತೆರೆಯುವವರು ನೀವೇ ಆಗಿರಬೇಕೆಂದೇನಿಲ್ಲ.